ಮನ್ರೋ: ಅಡ್ಡಹೆಸರೋ, ಇಟ್ಟ ಹೆಸರೋ?

ನೀವು ಕೇಳಿದ್ದು ಇಷ್ಟು. ಸ್ಕಾಟ್ಲೆಂಡಿನ ಇನ್ವರ್ನೆಸ್‌ಗೆ ಬಂದು ಎಂಟು ತಿಂಗಳಾಯಿತು. ಮಗಳ ನರ್ಸರಿಯಲ್ಲಿ ‘ಮನ್ರೋ’ ಅನ್ನುವ ಹುಡುಗನಿದ್ದಾನೆ. ಅದೇ ಹೆಸರು ಬೀದಿಯಲ್ಲಿ ನಿಲ್ಲುವ ಪ್ಲಂಬರ್ ವ್ಯಾನಿನ ಮೇಲೂ ಇದೆ, ಶನಿವಾರ ಹತ್ತಲು ಹೋಗುವ ಬೆಟ್ಟಕ್ಕೂ ಇದೆ. ಊರು ಬಳ್ಳಾರಿಯಾದ್ದರಿಂದ ಅಜ್ಜಿ ಹೇಳುತ್ತಿದ್ದ ಮಂತ್ರಾಲಯದ ಮನ್ರೋ ಸಾಹೇಬನೂ ನೆನಪಾದ. ಮಾರ್ಚ್ ಕೊನೆಗೆ ಎರಡನೇ ಹೆರಿಗೆ, ಗಂಡು ಎಂದು ಸ್ಕ್ಯಾನಿನಲ್ಲಿ ಹೇಳಿದ್ದಾರೆ. ಈ ಹೆಸರು ಇಡಬಹುದಾ? ಅರ್ಥವೇನು? ಇಲ್ಲಿಯವರು ನಗುತ್ತಾರಾ? ಮನ್ರೋ ಮನೆತನದವರು ಆಕ್ಷೇಪಿಸುತ್ತಾರಾ? ನಿಮ್ಮಿಬ್ಬರ ಪಾಸ್‌ಪೋರ್ಟಿನಲ್ಲೂ ಅಡ್ಡಹೆಸರಿನ ಜಾಗ ಖಾಲಿ ಇದೆಯಲ್ಲ, ಅದರಿಂದ ಮಗುವಿಗೆ ತೊಡಕಾಗುತ್ತದಾ?

ಇಡಬಹುದು. ಆದರೆ ಮೊದಲ ಹೆಸರಾಗಿ ಬೇಡ, ಎರಡನೆಯದಾಗಿ ಇಡಿ. ಅದರ ಹಿಂದೆ ಒಂದು ಗಟ್ಟಿಯಾದ ಅಡ್ಡಹೆಸರು ಇರಲೇಬೇಕು. ಯಾಕೆ ಅನ್ನುವುದು ಹೆಸರಿನ ಹುಟ್ಟಿನಲ್ಲೇ ಇದೆ.

ಮೊದಲು ಉಚ್ಚಾರ. ಕನ್ನಡದಲ್ಲಿ ನಾವು ಬರೆಯುವ ‘ಮನ್ರೋ’ ಸರಿಯಾಗಿಯೇ ಇದೆ, ‘ಮುನ್ರೋ’ ತಪ್ಪು. ಇಂಗ್ಲಿಷ್ ಕಾಗುಣಿತದಲ್ಲಿ ‘ಯು’ ಅಕ್ಷರ ಇರುವುದರಿಂದ ಹೊಸಬರು ‘ಮು’ ಅನ್ನುತ್ತಾರೆ. ಒತ್ತು ಬೀಳುವುದು ಎರಡನೇ ಭಾಗದ ಮೇಲೆ: ಮನ್‌-ರೋ, ‘ರೋ’ ಜೋರಾಗಿ. ನಾವು ರೂಢಿಯಂತೆ ಮೊದಲ ಅಕ್ಷರವನ್ನು ಒತ್ತಿ ಹೇಳಿದರೆ ಇಲ್ಲಿಯವರಿಗೆ ಒಮ್ಮೊಮ್ಮೆ ಅರ್ಥವೇ ಆಗುವುದಿಲ್ಲ.

ಈಗ ಅರ್ಥ. ಈ ಸೀಮೆಯ ಹಳೆಯ ಭಾಷೆಯಾದ ಗೇಲಿಕ್‌ನಲ್ಲಿ ಮನ್ರೋ ಮನೆತನದವನನ್ನು ‘ರೊಹಖ್’ ಅನ್ನುತ್ತಾರೆ. ಅಂದರೆ ‘ರೋ ಕಡೆಯವನು’. ರೋ ಎಂಬುದು ಉತ್ತರ ಐರ್ಲೆಂಡಿನ ಡೆರಿ ಸೀಮೆಯ ನದಿ. ಡಂಗಿವೆನ್, ಲಿಮವಾಡಿ ಊರುಗಳ ಪಕ್ಕದಲ್ಲಿ ಹರಿದು ಫಾಯ್ಲ್ ಕೊಲ್ಲಿ ಸೇರುತ್ತದೆ. ಹೆಸರಿನ ಮುಂದಿರುವ ‘ಮನ್’ ಎಲ್ಲಿಂದ ಬಂತು ಎಂದರೆ, ಗೇಲಿಕ್‌ನ ‘ಬುನ್’ ಪದದಿಂದ ಎನ್ನುತ್ತಾರೆ. ‘ಬುನ್’ ಎಂದರೆ ಬುಡ, ನದಿಯ ವಿಷಯದಲ್ಲಾದರೆ ಅದು ಕೊನೆಗೆ ಕಡಲಿಗೆ ಸೇರುವ ಜಾಗ. ಬುನ್-ರೋ, ರೋ ನದಿಯ ಬುಡ, ಬಾಯಲ್ಲಿ ಸವೆದು ಮನ್ರೋ ಆಯಿತು ಎಂಬುದು ಮನೆತನದಲ್ಲಿ ನಡೆದುಬಂದ ವಿವರಣೆ. ಐತಿಹ್ಯದ ಪ್ರಕಾರ ಅಲ್ಲಿಂದ ಡೊನಾಲ್ಡ್ ಎಂಬ ಮುಖಂಡ 11ನೇ ಶತಮಾನದಲ್ಲಿ ಸ್ಕಾಟ್ಲೆಂಡಿನ ರಾಜನ ಸಹಾಯಕ್ಕೆ ಬಂದ, ಪ್ರತಿಯಾಗಿ ಭೂಮಿ ಪಡೆದ. ಕ್ರೊಮಾರ್ಟಿ ಕೊಲ್ಲಿಯ ಉತ್ತರ ದಂಡೆಯ ಆ ಸೀಮೆಗೆ ‘ಫೆರಿನ್‌ಡೊನಾಲ್ಡ್’, ಡೊನಾಲ್ಡನ ನೆಲ, ಎಂಬ ಹೆಸರು ಹೀಗೆ ಬಂತಂತೆ. ಕಾಗದಪತ್ರಗಳಲ್ಲಿ ಮನೆತನ ಗಟ್ಟಿಯಾಗಿ ಕಾಣುವುದು 14ನೇ ಶತಮಾನದಿಂದ. ಅದಕ್ಕೂ ಹಿಂದಿನದನ್ನು ನಮ್ಮ ಊರಿನ ಸ್ಥಳಪುರಾಣವನ್ನು ಓದುವ ಹಾಗೆಯೇ ಓದಬೇಕು.

ಹಾಗಾಗಿ ಮನ್ರೋ ಎಂಬುದು ವಿಕ್ರಮ, ಪ್ರಸನ್ನ ಎಂಬಂತೆ ಗುಣ ಹೇಳುವ ಹೆಸರಲ್ಲ. ನಮ್ಮ ಕಡೆಯ ಹುಬ್ಬಳ್ಳಿ, ಕಿತ್ತೂರ, ಬಿಜಾಪುರ ಎಂಬ ಅಡ್ಡಹೆಸರುಗಳ ಜಾತಿಯದು, ಬೆಳಗಾವಿ ಕಡೆಯ ‘-ಕರ’ ಸೇರಿಸಿದ ಹೆಸರುಗಳ ಸಂಬಂಧಿ. ಎಲ್ಲಿಯವನು ಎಂಬ ಪ್ರಶ್ನೆಗೆ ಉತ್ತರ, ಅಷ್ಟೇ. ಹುಟ್ಟಿದ ಮಗುವಿಗೆ ‘ಹುಬ್ಬಳ್ಳಿ’ ಎಂದು ತೊಟ್ಟಿಲಲ್ಲಿ ಹೆಸರು ಕರೆದರೆ ನಮಗೆ ನಗು ಬರುತ್ತದೆ. ಇಲ್ಲಿ ಬರುವುದಿಲ್ಲ, ಅದಕ್ಕೆ ಕಾರಣವಿದೆ.

ಸ್ಕಾಟ್ಲೆಂಡಿನಲ್ಲಿ ಹೆಸರಿಡಲು ಹಳೆಯ ಕ್ರಮವೊಂದಿತ್ತು. ಮೊದಲ ಮಗನಿಗೆ ತಂದೆಯ ತಂದೆಯ ಹೆಸರು, ಎರಡನೆಯವನಿಗೆ ತಾಯಿಯ ತಂದೆಯದು, ಮೂರನೆಯವನಿಗೆ ಸ್ವಂತ ತಂದೆಯದು. ಮೊದಲ ಮಗಳಿಗೆ ತಾಯಿಯ ತಾಯಿಯದು. ಅಜ್ಜನ ಹೆಸರು ಮೊಮ್ಮಗನಿಗೆ ಇಡುವ ನಮಗೆ ಇದು ಹೊಸದೇನೂ ಅಲ್ಲ. ಆದರೆ ಹೆಣ್ಣುಮಗಳು ಮದುವೆಯಾಗಿ ಗಂಡನ ಅಡ್ಡಹೆಸರು ತೆಗೆದುಕೊಂಡರೆ ಅವಳ ತವರಿನ ಅಡ್ಡಹೆಸರು ಅಲ್ಲಿಗೆ ನಿಂತುಹೋಗುತ್ತದೆ. ಅದು ಉಳಿಯಲಿ ಎಂದು ಮಗನ ಹೆಸರಿನ ನಡುವೆ ತವರಿನ ಅಡ್ಡಹೆಸರನ್ನು ಸೇರಿಸುವ ರೂಢಿ ಬೆಳೆಯಿತು. ಮೊದಲು ನಡುವೆ ಕೂತ ಹೆಸರು ಒಂದೆರಡು ತಲೆಮಾರಿನಲ್ಲಿ ಮುಂದಕ್ಕೆ ಬಂತು. ಡಗ್ಲಸ್, ಗಾರ್ಡನ್, ಗ್ರಹಾಂ, ಕೀತ್, ಬ್ರೂಸ್, ಸ್ಟುವರ್ಟ್ ಎಲ್ಲ ಅಡ್ಡಹೆಸರುಗಳೇ, ಈಗ ಯಾರಿಗೂ ಹಾಗನ್ನಿಸುವುದಿಲ್ಲ. ನಿಮ್ಮ ಮಗಳ ತರಗತಿಯಲ್ಲಿ ಕ್ಯಾಮರೂನ್, ಫ್ರೇಸರ್, ಮರ್ರಿ, ರಾಸ್ ಇದ್ದೇ ಇರುತ್ತಾರೆ. ರಾಸ್ ಎಂದರೆ ಕಡಲಿಗೆ ಚಾಚಿದ ಭೂಶಿರ, ಮರ್ರಿ ಎಂದರೆ ಮೊರೆ ಸೀಮೆಯವನು, ಡಗ್ಲಸ್ ಎಂದರೆ ಕಪ್ಪು ನೀರು. ಕ್ಯಾಮರೂನ್‌ನ ಅರ್ಥ ‘ಸೊಟ್ಟ ಮೂಗು’ ಎನ್ನುತ್ತಾರೆ. ಅರ್ಥ ನೋಡಿ ಹೆಸರಿಡುವ ನಮ್ಮ ಅಭ್ಯಾಸ ಇಲ್ಲಿ ಎಷ್ಟು ಕೆಲಸಕ್ಕೆ ಬರುತ್ತದೆ ನೋಡಿ. (ಬೆಂಗಳೂರಿನ ಫ್ರೇಸರ್ ಟೌನ್ ಕೂಡ ಇದೇ ಫ್ರೇಸರ್ ಅಡ್ಡಹೆಸರೇ: ಮೈಸೂರಿನಲ್ಲಿ ಬ್ರಿಟಿಷರ ಪ್ರತಿನಿಧಿ, ಅಂದರೆ ರೆಸಿಡೆಂಟ್, ಆಗಿದ್ದ ಸ್ಟುವರ್ಟ್ ಫ್ರೇಸರ್‌ನದು.)

ಈ ಸಾಲಿನಲ್ಲಿ ಮನ್ರೋ ಇನ್ನೂ ಅಪರೂಪ. ಅಡ್ಡಹೆಸರಾಗಿ ನಿಮ್ಮ ಸುತ್ತಮುತ್ತ, ಇನ್ವರ್ನೆಸ್ ಮತ್ತು ಅದರ ಉತ್ತರದ ಈಸ್ಟರ್ ರಾಸ್ ಸೀಮೆಯಲ್ಲಿ, ಹೆಜ್ಜೆಗೊಂದು ಸಿಗುತ್ತದೆ. ಇಟ್ಟ ಹೆಸರಾಗಿ ಕಡಿಮೆ. ಅಂದರೆ ಇಲ್ಲಿ ಯಾರೂ ನಗುವುದಿಲ್ಲ, ಆದರೆ ಕಿವಿಗೆ ಬಿದ್ದ ಕೂಡಲೇ ಅಡ್ಡಹೆಸರೆಂದೇ ತಿಳಿಯುತ್ತಾರೆ. ಮುಂದೆ ಹೇಳುವ ತೊಡಕುಗಳಿಗೆಲ್ಲ ಇದೇ ಮೂಲ.

ಕಾಗುಣಿತದ ಬಗ್ಗೆ ಒಂದು ಎಚ್ಚರಿಕೆ. ಸ್ಕಾಟ್ಲೆಂಡಿನಲ್ಲಿ ಈ ಹೆಸರನ್ನು ಎಂ-ಯು-ಎನ್-ಆರ್-ಒ ಎಂದು ಐದೇ ಅಕ್ಷರದಲ್ಲಿ ಬರೆಯುತ್ತಾರೆ. ಕೊನೆಗೊಂದು ‘ಇ’ ಸೇರಿಸುವುದೂ ಉಂಟು. ಎರಡನೇ ಅಕ್ಷರ ‘ಒ’ ಆಗಿ ಕೊನೆಗೆ ‘ಇ’ ಬಂದರೆ ಅದು ಅಮೆರಿಕದ ರೂಪ. 1817ರಿಂದ 1825ರವರೆಗೆ ಅಧ್ಯಕ್ಷನಾಗಿದ್ದ ಜೇಮ್ಸ್ ಮನ್ರೋ ಬರೆಯುತ್ತಿದ್ದದ್ದು ಹಾಗೆ. ಅವನ ಪೂರ್ವಿಕರೂ ಇಲ್ಲಿಂದ ಹೋದವರೇ, ಲೈಬೀರಿಯಾದ ರಾಜಧಾನಿ ಮನ್ರೋವಿಯಾ ಅವನ ಹೆಸರಿನದು. ಆ ರೂಪವನ್ನು ಈಗ ಅಮೆರಿಕದಲ್ಲಿ ಹೆಣ್ಣುಮಕ್ಕಳಿಗೂ ಇಡುತ್ತಾರೆ. ಗಂಡುಮಗುವಿಗೆ, ಸ್ಕಾಟ್ಲೆಂಡಿನ ನೆನಪಿಗೆ ಎಂದಾದರೆ ಐದಕ್ಷರದ ರೂಪವೇ ಸರಿ. ಒಮ್ಮೆ ಆರಿಸಿದ ಮೇಲೆ ಆಸ್ಪತ್ರೆಯಲ್ಲೊಂದು, ಪಾಸ್‌ಪೋರ್ಟಿನಲ್ಲೊಂದು ಆಗದ ಹಾಗೆ ನೋಡಿಕೊಳ್ಳಿ.

ಇನ್ನು ಪರಂಪರೆ. ಈ ಮನೆತನದ ಮೂಲಸ್ಥಾನ ಫೌಲಿಸ್ ಕೋಟೆ. ಇನ್ವರ್ನೆಸ್‌ನಿಂದ ಕೆಸಾಕ್ ಸೇತುವೆ ದಾಟಿ ಎ9 ರಸ್ತೆಯಲ್ಲಿ ಉತ್ತರಕ್ಕೆ ಅರ್ಧ ಗಂಟೆ ಹೋದರೆ ಸಿಗುವ ಎವಾಂಟನ್ ಊರಿನ ಬಳಿ ಇದೆ. ಹಳೆಯದು 1750ರಲ್ಲಿ ಸುಟ್ಟುಹೋಯಿತು, ಈಗಿನದು ಆಮೇಲೆ ಕಟ್ಟಿದ್ದು. ಮನೆತನದ ಮುಖ್ಯಸ್ಥರ ವಾಸದ ಮನೆಯಾದ್ದರಿಂದ ಸುಮ್ಮನೆ ಹೋಗಿ ಬಾಗಿಲು ತಟ್ಟುವಂಥದ್ದಲ್ಲ. ಇವರ ಧ್ಯೇಯವಾಕ್ಯ ‘ದೇವರಿಗೆ ಅಂಜು’. ಯುದ್ಧದ ಕೂಗು ಮಾತ್ರ ವಿಚಿತ್ರ: ‘ಫೌಲಿಸ್ ಕೋಟೆಗೆ ಬೆಂಕಿ ಬಿದ್ದಿದೆ!’ ಕೋಟೆಯ ಮೇಲೆ ಬೆಂಕಿ ಹಚ್ಚಿ ಜನರನ್ನು ಒಟ್ಟುಗೂಡಿಸುತ್ತಿದ್ದ ಕಾಲದ್ದು ಅದು. ಭೂಮಿ ಅನುಭವಿಸಲು ರಾಜನಿಗೆ ಸಲ್ಲಿಸಬೇಕಾದ ಕಾಣಿಕೆ ಎಂದರೆ ನಡುಬೇಸಿಗೆಯಲ್ಲಿ ಕೇಳಿದರೆ ಒಂದು ಹಿಮದ ಉಂಡೆ ಎಂಬ ಕಥೆಯೂ ಇದೆ. ಪಕ್ಕದ ಬೆನ್ ವೈವಿಸ್ ಬೆಟ್ಟದ ಬಿರುಕುಗಳಲ್ಲಿ ಬೇಸಿಗೆಯಲ್ಲೂ ಹಿಮ ಉಳಿಯುತ್ತಿತ್ತಾದ್ದರಿಂದ ಅದು ಕಷ್ಟದ ಕರಾರೇನಲ್ಲ. ಪಟ್ಟ ಕಳೆದುಕೊಂಡ ಸ್ಟುವರ್ಟ್ ರಾಜಮನೆತನವನ್ನು ಮತ್ತೆ ಗದ್ದುಗೆಗೆ ತರಲು ನಡೆದ 1745-46ರ ಜಾಕೊಬೈಟ್ ದಂಗೆಯಲ್ಲಿ ಮನ್ರೋಗಳು ಸರ್ಕಾರದ ಪಕ್ಷದಲ್ಲಿದ್ದರು, ಮುಖ್ಯಸ್ಥ ಸರ್ ರಾಬರ್ಟ್ ಮನ್ರೋ 1746ರಲ್ಲಿ ಫಾಲ್‌ಕರ್ಕ್ ಕದನದಲ್ಲಿ ಸತ್ತ. ಹೈಲ್ಯಾಂಡಿನ, ಅಂದರೆ ಈ ಉತ್ತರದ ಬೆಟ್ಟಸೀಮೆಯ, ಹಳಬರೊಡನೆ ಮಾತಾಡುವಾಗ ಇದು ಗೊತ್ತಿರಲಿ; ಇಲ್ಲಿ ಯಾವ ಮನೆತನ ಯಾವ ಪಕ್ಷದಲ್ಲಿತ್ತು ಎಂಬುದನ್ನು ಇವತ್ತಿಗೂ ಮರೆತಿಲ್ಲ.

ನಮ್ಮವರ ಮಾತಿನಲ್ಲಿ ಬರುವ ಮನ್ರೋ ಒಬ್ಬನಲ್ಲ, ಮೂವರು. ಇವರನ್ನು ಕಲಸಿ ಹೇಳುವವರೇ ಹೆಚ್ಚು. ಮಗನಿಗೆ ಹೆಸರಿಟ್ಟು ನಾಳೆ ಅವನೇ ‘ಯಾವ ಮನ್ರೋ?’ ಎಂದು ಕೇಳಿದರೆ ಉತ್ತರ ಇರಬೇಕಲ್ಲ.

ಒಬ್ಬ ನೋವರ್‌ನ ಹೆಕ್ಟರ್ ಮನ್ರೋ. ಈಸ್ಟರ್ ರಾಸ್‌ನವನೇ. 1764ರಲ್ಲಿ ಬಕ್ಸಾರ್ ಕದನ ಗೆದ್ದವನು; ಅದಕ್ಕೂ ಮೊದಲು ತಿರುಗಿಬಿದ್ದ ಸಿಪಾಯಿಗಳನ್ನು ಫಿರಂಗಿ ಬಾಯಿಗೆ ಕಟ್ಟಿ ಉಡಾಯಿಸಿದವನೂ ಅವನೇ. 1780ರ ಸೆಪ್ಟೆಂಬರಿನಲ್ಲಿ ಪೊಲ್ಲಿಲೂರಿನಲ್ಲಿ ಹೈದರ್ ಮತ್ತು ಟಿಪ್ಪು ಸೇರಿ ಈಸ್ಟ್ ಇಂಡಿಯಾ ಕಂಪನಿಯ ಕರ್ನಲ್ ಬೇಲಿ ಎಂಬ ಸೇನಾಧಿಕಾರಿಯ ಪಡೆಯನ್ನು ನುಚ್ಚುನೂರು ಮಾಡುವಾಗ ಈತ ಕಾಂಚೀಪುರದಲ್ಲಿದ್ದ, ಸಹಾಯಕ್ಕೆ ಹೋಗಲಿಲ್ಲ. ತನ್ನ ಭಾರಿ ಫಿರಂಗಿಗಳನ್ನು ಅಲ್ಲಿಯ ದೇವಸ್ಥಾನದ ಕಲ್ಯಾಣಿಗೆ ಎಸೆದು ಮದ್ರಾಸಿಗೆ ಹಿಂದಿರುಗಿದ. ಶ್ರೀರಂಗಪಟ್ಟಣದ ದರಿಯಾ ದೌಲತ್ ಗೋಡೆಯ ಮೇಲೆ ಪಲ್ಲಕ್ಕಿಯಲ್ಲಿ ಗಾಯಗೊಂಡು ಕೂತ ಕರ್ನಲ್ ಬೇಲಿಯ ಚಿತ್ರ ಇದೆಯಲ್ಲ, ಅದು ಆ ಕದನವೇ. ಈತನ ಮಗನನ್ನು 1792ರಲ್ಲಿ ಬಂಗಾಳದ ಸಾಗರ ದ್ವೀಪದಲ್ಲಿ ಹುಲಿ ಎಳೆದುಕೊಂಡು ಹೋಯಿತು. ಟಿಪ್ಪುವಿನ ಪ್ರಸಿದ್ಧ ಹುಲಿ ಗೊಂಬೆಗೆ, ಈಗ ಲಂಡನ್ನಿನ ವಿಕ್ಟೋರಿಯಾ ಆಂಡ್ ಆಲ್ಬರ್ಟ್ ಮ್ಯೂಸಿಯಂನಲ್ಲಿರುವುದಕ್ಕೆ, ಆ ಸುದ್ದಿಯೇ ಪ್ರೇರಣೆ ಎಂಬ ವಾದವಿದೆ. ನಿಮ್ಮ ಮನೆಯಿಂದ ಒಂದು ಗಂಟೆಯೊಳಗೆ ಅಲ್ನೆಸ್ ಊರಿನ ಮೇಲಿನ ಫೈರಿಶ್ ಬೆಟ್ಟದಲ್ಲಿ ಮೂರು ಕಮಾನಿನ ಕಲ್ಲಿನ ಸ್ಮಾರಕ ನಿಂತಿದೆ. ಹೆಕ್ಟರ್ ಗೆದ್ದ ನಾಗಪಟ್ಟಣದ ಕೋಟೆ ಬಾಗಿಲಿನ ನಕಲು ಅದು, ಕೆಲಸವಿಲ್ಲದ ಜನಕ್ಕೆ ಕೂಲಿ ಸಿಗಲಿ ಎಂದು ಕಟ್ಟಿಸಿದ್ದಂತೆ. ತಮಿಳುನಾಡಿನ ಕಡಲ ದಂಡೆಯ ಬಾಗಿಲು ಹೈಲ್ಯಾಂಡ್ ಬೆಟ್ಟದ ತುದಿಯಲ್ಲಿ! ಹತ್ತಿ ಇಳಿಯಲು ಎರಡರಿಂದ ಮೂರು ಗಂಟೆ ಸಾಕು.

ಎರಡನೆಯವನು ಜಾನ್ ಮನ್ರೋ, ತಿರುವಾಂಕೂರಿನ ರೆಸಿಡೆಂಟ್. ಕೊಲ್ಲಂ ಬಳಿಯ ಮನ್ರೋ ತುರುತ್ತು ದ್ವೀಪಕ್ಕೆ ಅವನ ಹೆಸರು. ಕೇರಳದ ಸ್ನೇಹಿತರು ಮನ್ರೋ ಅಂದರೆ ಅವನನ್ನೇ ನೆನೆಯುತ್ತಾರೆ.

ನಿಮ್ಮ ಅಜ್ಜಿಯ ಮನ್ರೋ ಮೂರನೆಯವನು: ಥಾಮಸ್. 1761ರಲ್ಲಿ ಗ್ಲಾಸ್ಗೋದಲ್ಲಿ ಹುಟ್ಟಿದವನು. ತಂದೆ ವರ್ಜೀನಿಯಾದೊಡನೆ ವ್ಯಾಪಾರ ಮಾಡುತ್ತಿದ್ದ, ಅಮೆರಿಕದ ಸ್ವಾತಂತ್ರ್ಯ ಯುದ್ಧದಿಂದ ವ್ಯಾಪಾರ ಮುಳುಗಿ ದಿವಾಳಿಯಾದ. ಮಗ ಕಂಪನಿಯ ಸೈನ್ಯ ಸೇರಿ 1780ರಲ್ಲಿ ಮದ್ರಾಸಿಗೆ ಬಂದ. ಟಿಪ್ಪು ಸತ್ತ ಮೇಲೆ 1799ರಲ್ಲಿ ಕೆನರಾದ ಕಲೆಕ್ಟರ್, 1800ರಿಂದ 1807ರವರೆಗೆ ನಿಜಾಮನಿಂದ ಕಂಪನಿಗೆ ಬಂದ ದತ್ತ ಮಂಡಲದ, ಅಂದರೆ ಬಳ್ಳಾರಿ, ಕಡಪ ಸೀಮೆಯ ಕಲೆಕ್ಟರ್. ಜಮೀನ್ದಾರರನ್ನು ನಡುವೆ ಇಡದೆ ರೈತನಿಂದಲೇ ನೇರವಾಗಿ ಕಂದಾಯ ನಿಗದಿ ಮಾಡುವ ರೈತವಾರಿ ಪದ್ಧತಿಗೆ ಅವನ ಹೆಸರು ಅಂಟಿದ್ದು ಆ ಏಳು ವರ್ಷಗಳಲ್ಲಿ. ಪಾಳೆಯಗಾರರನ್ನು ಮಟ್ಟ ಹಾಕಿದವನೂ ಅವನೇ ಎಂಬುದನ್ನು ಮರೆಯಬಾರದು. 1818ರಲ್ಲಿ ಬಾದಾಮಿ ಕೋಟೆ ಹಿಡಿದ. 1820ರಿಂದ ಮದ್ರಾಸಿನ ಗವರ್ನರ್. 1827ರ ಜುಲೈ 6ರಂದು, ಪ್ರವಾಸದಲ್ಲಿದ್ದಾಗಲೇ ಪತ್ತಿಕೊಂಡದಲ್ಲಿ ಕಾಲರಾದಿಂದ ಸತ್ತ. ಗುತ್ತಿಯಲ್ಲಿ ಹೂಳಿ, ಆಮೇಲೆ ಮದ್ರಾಸಿನ ಕೋಟೆಯ ಸೇಂಟ್ ಮೇರಿ ಚರ್ಚಿಗೆ ಸಾಗಿಸಿದರು. ಚೆನ್ನೈಯಲ್ಲಿ ಕುದುರೆಯ ಮೇಲೆ ರಿಕಾಪಿಲ್ಲದೆ ಕೂತಿರುವ ಪ್ರತಿಮೆ ಅವನದೇ.

ಮಂತ್ರಾಲಯದ ಕಥೆ ನಿಮಗೆ ಗೊತ್ತೇ ಇದೆ. ಮಠದ ಜಹಗೀರನ್ನು ಸರ್ಕಾರ ವಾಪಸ್ ತೆಗೆದುಕೊಳ್ಳಬೇಕೇ ಎಂದು ವಿಚಾರಿಸಲು ಬಂದ ಕಲೆಕ್ಟರ್ ಬೂಟು, ಟೋಪಿ ಕಳಚಿ ಒಳಗೆ ಹೋದ. ರಾಯರು ಬೃಂದಾವನದಿಂದ ಅವನೊಡನೆ ಮಾತಾಡಿದರು. ಜೊತೆಯವರಿಗೆ ಅವನ ಮಾತಷ್ಟೇ ಕೇಳಿಸಿತು. ಮಂತ್ರಾಕ್ಷತೆ ಪಡೆದು ಹೊರಬಂದ. ಇದು ಭಕ್ತರ ನಂಬಿಕೆ, ಹಾಗೆಯೇ ಇರಲಿ. ನಿಮ್ಮ ಪ್ರಶ್ನೆಗೆ ಹೆಚ್ಚು ಹತ್ತಿರದ ಸಂಗತಿ ಬೇರೆ ಇದೆ: ಆ ಸೀಮೆಯಲ್ಲಿ ಜನ ತಮ್ಮ ಗಂಡುಮಕ್ಕಳಿಗೆ ‘ಮನ್ರೋಲಪ್ಪ’ ಎಂದು ಹೆಸರಿಡುತ್ತಿದ್ದರು. ಅಂದರೆ ಸ್ಕಾಟರ ಈ ಅಡ್ಡಹೆಸರನ್ನು ಇಟ್ಟ ಹೆಸರಾಗಿ ಮಾಡಿಕೊಂಡವರಲ್ಲಿ ನಿಮ್ಮ ಬಳ್ಳಾರಿ, ಅನಂತಪುರ ಕಡೆಯ ರೈತರೂ ಇದ್ದರು, ಅದೂ ‘ಅಪ್ಪ’ ಸೇರಿಸಿ ನಮ್ಮದನ್ನಾಗಿ ಮಾಡಿಕೊಂಡು. ಊರಿನಲ್ಲಿ ಯಾರಾದರೂ ‘ಇದೇನ್ರೀ ಇಂಗ್ಲಿಷರ ಹೆಸರು’ ಎಂದರೆ ಇದನ್ನು ಹೇಳಿ. ಇಂಗ್ಲಿಷರದ್ದಲ್ಲ, ಸ್ಕಾಟರದು ಎಂಬುದನ್ನೂ ಸೇರಿಸಿ ಹೇಳಿ. ಆ ತಪ್ಪನ್ನು ಇನ್ವರ್ನೆಸ್‌ನಲ್ಲಿ ಮಾತ್ರ ಮಾಡಬೇಡಿ.

ಬೆಟ್ಟಗಳಿಗೆ ಈ ಹೆಸರು ಬಂದದ್ದು ನಾಲ್ಕನೆಯವನೊಬ್ಬನಿಂದ, ಸರ್ ಹ್ಯೂ ಮನ್ರೋನಿಂದ. 3000 ಅಡಿ, ಅಂದರೆ 914.4 ಮೀಟರಿಗಿಂತ ಎತ್ತರದ ಸ್ಕಾಟ್ಲೆಂಡಿನ ಶಿಖರಗಳನ್ನು 1891ರಲ್ಲಿ ಪಟ್ಟಿ ಮಾಡಿದವನು. ಈಗ ಪಟ್ಟಿಯಲ್ಲಿ 282 ಇವೆ, ಎಲ್ಲವನ್ನೂ ಹತ್ತುವುದು ಇಲ್ಲಿಯವರಿಗೆ ಒಂದು ಹುಚ್ಚು. ಹ್ಯೂ ಮಾತ್ರ ತನ್ನದೇ ಪಟ್ಟಿಯನ್ನು ಮುಗಿಸದೆ 1919ರಲ್ಲಿ ತೀರಿಕೊಂಡ. ಮೇಲೆ ಹೇಳಿದ ಬೆನ್ ವೈವಿಸ್ 1046 ಮೀಟರಿನ ಮನ್ರೋ. 1894 ಮೀಟರಿನ ಕುದುರೆಮುಖ ನೋಡಿದವರು ಎತ್ತರದ ಲೆಕ್ಕ ಕೇಳಿ ಹಗುರವಾಗಿ ತೆಗೆದುಕೊಳ್ಳುತ್ತಾರೆ. ಇಲ್ಲಿ ಹತ್ತಲು ಶುರುಮಾಡುವುದೇ ಹೆಚ್ಚುಕಡಿಮೆ ಕಡಲಮಟ್ಟದಿಂದ, ಹವೆ ಗಂಟೆಗೊಮ್ಮೆ ತಿರುಗುತ್ತದೆ. ಹೆಸರಿನ ಮಟ್ಟಿಗೆ ಹೇಳುವುದಾದರೆ, ಶಾಲೆಯಲ್ಲಿ ಬರುವ ತಮಾಷೆ ಎಲ್ಲ ಬೆಟ್ಟದ್ದೇ. ‘ಮನ್ರೋ ಹತ್ತಿದೆಯಾ’ ಎನ್ನುವಷ್ಟು. ಕೆಟ್ಟ ಅಣಕವೇನೂ ಈ ಹೆಸರಿಗೆ ಅಂಟಿಲ್ಲ.

ಕನ್ನಡದ ಬಾಯಿಯಲ್ಲಿ ಈ ಹೆಸರು ಹೇಗೆ ಕೂರುತ್ತದೆ? ಓಕಾರದಲ್ಲಿ ಕೊನೆಯಾಗುವ ಗಂಡುಹೆಸರು ನಮ್ಮಲ್ಲಿ ಇಲ್ಲವೆನ್ನುವಷ್ಟು ಕಡಿಮೆ. ‘ಬಾರೋ, ಹೋಗೋ, ಲೋ’ ಇವುಗಳ ಸಾಲಿಗೆ ಸೇರಿ ‘ಬಾರೋ ಮನ್ರೋ’ ಎನ್ನುವಾಗ ಹೆಸರೇ ಏಕವಚನದಲ್ಲಿ ಕೂಗಿದಂತಾಗುತ್ತದೆ. ‘ಮನ್ರೋಗೆ ಊಟ ಹಾಕು’ ಸರಿಹೋಗುತ್ತದೆ, ‘ಮನ್ರೋನನ್ನು’ ಎಂಬಲ್ಲಿ ನಾಲಗೆ ತೊಡರುತ್ತದೆ. ಅಜ್ಜಿಯರು ಒಂದು ವಾರದಲ್ಲಿ ‘ಮನು’ ಮಾಡಿಬಿಡುತ್ತಾರೆ, ಅದು ಒಳ್ಳೆಯದೇ. ನಕ್ಷತ್ರದ ಅಕ್ಷರ ನೋಡುವ ಮನೆಯಾದರೆ ಮ, ಮಿ, ಮು, ಮೆ ಮಖಾ ನಕ್ಷತ್ರದವು, ‘ಮ’ ಅದರ ಮೊದಲ ಪಾದ. ಮಗು ಬೇರೆ ನಕ್ಷತ್ರದಲ್ಲಿ ಹುಟ್ಟಿದರೆ ಆ ಅಕ್ಷರದ ಕನ್ನಡ ಹೆಸರನ್ನು ಮುಂದಿಟ್ಟು ಮನ್ರೋವನ್ನು ಎರಡನೆಯದು ಮಾಡಿದರೆ ಎರಡೂ ಕಡೆ ಸಮಾಧಾನ.

ಜಾತಕ ಬರೆಸುವವರು ಇದೊಂದನ್ನು ತಪ್ಪಿಸಿಕೊಳ್ಳುತ್ತಾರೆ. ಮಾರ್ಚ್ ಕೊನೆಯ ಭಾನುವಾರ ಇಲ್ಲಿ ಗಡಿಯಾರ ಒಂದು ಗಂಟೆ ಮುಂದೆ ಹೋಗುತ್ತದೆ, ನಿಮ್ಮ ಹೆರಿಗೆ ಅದರ ಆಸುಪಾಸಿನಲ್ಲೇ ಇದೆ. ಅದಕ್ಕೆ ಮೊದಲು ಹುಟ್ಟಿದರೆ ಭಾರತದ ಸಮಯ ಇಲ್ಲಿಗಿಂತ ಐದೂವರೆ ಗಂಟೆ ಮುಂದು, ಆಮೇಲಾದರೆ ನಾಲ್ಕೂವರೆ. ಪಂಚಾಂಗದವರಿಗೆ ಇಲ್ಲಿಯ ಸಮಯ, ಊರು, ಗಡಿಯಾರ ತಿರುಗಿಸಿದ್ದು ಆಗಿದೆಯೋ ಇಲ್ಲವೋ, ಮೂರನ್ನೂ ಹೇಳಿ. ಸ್ಕಾಟ್ಲೆಂಡಿನ ಜನನ ದಾಖಲೆಯಲ್ಲಿ ಹುಟ್ಟಿದ ಸಮಯವನ್ನೂ ಬರೆಯುತ್ತಾರೆ. ಇಂಗ್ಲೆಂಡಿನಲ್ಲಿ ಅವಳಿ ಮಕ್ಕಳಿಗೆ ಮಾತ್ರ ಬರೆಯುತ್ತಾರೆ.

ಇನ್ನು ಕಾಗದದ ಕೆಲಸ. ಆಸ್ಪತ್ರೆಯಲ್ಲಿ ಮಗುವಿಗೆ ಮೊದಲು ಬರೆಯುವುದು ‘ಬೇಬಿ’ ಮತ್ತು ತಾಯಿಯ ಅಡ್ಡಹೆಸರು. ನಿಮ್ಮ ಹೆಂಡತಿಯ ಪಾಸ್‌ಪೋರ್ಟಿನಲ್ಲಿ ಆ ಜಾಗ ಖಾಲಿ ಇರುವುದರಿಂದ ಅವರ ಸ್ವಂತ ಹೆಸರನ್ನೇ ಹಾಕುತ್ತಾರೆ. ತಂದೆಯ ಹೆಸರು ಆ ಜಾಗದಲ್ಲಿದ್ದವರ ಕೂಸುಗಳು ‘ಬೇಬಿ ಬಸವರಾಜ’ ಎಂದು ತಾತನ ಹೆಸರು ಹೊತ್ತು ಮನೆಗೆ ಬರುವುದುಂಟು. ಗಾಬರಿ ಬೇಡ, ಅದು ತಾತ್ಕಾಲಿಕ. ಆದರೆ ನೋಂದಣಿಯಾದ ಮೇಲೆ ಜಿಪಿ, ಅಂದರೆ ನಿಮ್ಮ ಬಡಾವಣೆಯ ವೈದ್ಯರ, ಕ್ಲಿನಿಕ್ಕಿಗೆ ಹೊಸ ಹೆಸರು ತಿಳಿಸದೆ ಬಿಟ್ಟರೆ ಲಸಿಕೆಯ ಪತ್ರಗಳು ಹಳೆಯ ಹೆಸರಿಗೇ ಬರುತ್ತಿರುತ್ತವೆ.

ಸ್ಕಾಟ್ಲೆಂಡಿನಲ್ಲಿ ಹುಟ್ಟಿದ 21 ದಿನದೊಳಗೆ ನೋಂದಣಿ ಆಗಬೇಕು. ಇಂಗ್ಲೆಂಡಿನ ಸ್ನೇಹಿತರು 42 ದಿನ ಇದೆ ಎಂದರೆ ನಂಬಬೇಡಿ, ಅದು ಅಲ್ಲಿಯ ಲೆಕ್ಕ. ಹನ್ನೊಂದನೇ ಅಥವಾ ಹನ್ನೆರಡನೇ ದಿನ ತೊಟ್ಟಿಲಿಗೆ ಹಾಕಿ ಹೆಸರು ಕರೆಯುವವರಿಗೆ ಇದು ಸರಿಹೋಗುತ್ತದೆ: ಹೆಸರಿಟ್ಟು ಮರುದಿನ ಹೋಗಬಹುದು. ಮೂರನೇ ತಿಂಗಳಲ್ಲಿ, ಊರಿಂದ ಹಿರಿಯರು ಬಂದ ಮೇಲೆ ನಾಮಕರಣ ಮಾಡುವವರು ಮಾತ್ರ ಹೆಸರನ್ನು ಮೊದಲೇ ಫೋನಿನಲ್ಲಿ ಒಪ್ಪಿಸಿಕೊಂಡು ನೋಂದಾಯಿಸಿ, ಶಾಸ್ತ್ರ ಆಮೇಲೆ ಇಟ್ಟುಕೊಳ್ಳಬೇಕು. ಆಸ್ಪತ್ರೆ ಕೊಟ್ಟ ಚೀಟಿ, ಮದುವೆ ಪ್ರಮಾಣಪತ್ರ, ಇಬ್ಬರ ಪಾಸ್‌ಪೋರ್ಟ್ ಒಯ್ಯಿರಿ. ಮದುವೆಯಾಗಿದ್ದರೆ ಒಬ್ಬರು ಹೋದರೂ ಸಾಕು. ಚಿಕ್ಕ ಪ್ರತಿಯನ್ನು ಪುಕ್ಕಟೆ ಕೊಡುತ್ತಾರೆ. ಅದರಲ್ಲಿ ತಂದೆತಾಯಿಯ ಹೆಸರಿರುವುದಿಲ್ಲ, ಭಾರತದ ಕೆಲಸಕ್ಕೆ ಬರುವುದಿಲ್ಲ. ಹಣ ಕೊಟ್ಟು ಪೂರ್ಣ ಪ್ರತಿಯನ್ನು ಅಲ್ಲೇ, ಕನಿಷ್ಠ ಎರಡು, ತೆಗೆದುಕೊಳ್ಳಿ.

ಅಡ್ಡಹೆಸರಿನ ಪ್ರಶ್ನೆ ಏಳುವುದು ಇಲ್ಲೇ. ಸ್ಕಾಟ್ಲೆಂಡಿನಲ್ಲಿ ಮಗುವಿಗೆ ತಂದೆತಾಯಿ ಇಷ್ಟಪಟ್ಟ ಅಡ್ಡಹೆಸರು ಕೊಡಬಹುದು, ನಿಮ್ಮ ಪಾಸ್‌ಪೋರ್ಟಿನಲ್ಲಿ ಖಾಲಿ ಇದ್ದರೂ ಅಡ್ಡಿಯಿಲ್ಲ. ಮನೆತನದ ಹೆಸರಿದ್ದರೆ ಅದನ್ನು, ಇಲ್ಲವಾದರೆ ತಂದೆಯ ಹೆಸರನ್ನು ಅಡ್ಡಹೆಸರಾಗಿ ಬರೆಸಿ. ಎಲ್ಲಕ್ಕಿಂತ ಕೆಟ್ಟದ್ದು ಕನ್ನಡ ಹೆಸರು ಮತ್ತು ಮನ್ರೋ ಎರಡನ್ನೇ ಕೊಟ್ಟು ಸುಮ್ಮನಾಗುವುದು. ಎರಡನೆಯದು ಈ ನಾಡಿನಲ್ಲಿ ಹೆಸರಾಂತ ಅಡ್ಡಹೆಸರಾದ್ದರಿಂದ ಅದು ತಾನಾಗಿಯೇ ಆ ಖಾನೆಗೆ ಹೋಗಿ ಕೂರುತ್ತದೆ. ಆಮೇಲೆ ತಂದೆಗೂ ಮಗನಿಗೂ ಕಾಗದದ ಮೇಲೆ ಸಂಬಂಧವೇ ಇರುವುದಿಲ್ಲ. ವಿಮಾನ ನಿಲ್ದಾಣದಲ್ಲಿ ಮಗುವಿನೊಡನೆ ಒಬ್ಬರೇ ಹೋಗುವಾಗ ಜನನ ಪ್ರಮಾಣಪತ್ರ ತೋರಿಸಬೇಕಾದೀತು. ನಮ್ಮ ಕಡೆಯಂತೆ ಮನೆತನದ ಹೆಸರನ್ನು ಮುಂದೆ ಬರೆದು ‘ಪಾಟೀಲ ಮನ್ರೋ’ ಎಂದರೂ ಅದೇ ಗತಿ, ಕೊನೆಯದೇ ಅಡ್ಡಹೆಸರು ಎಂಬುದು ಇಲ್ಲಿಯವರ ಕಣ್ಣಿನ ಅಭ್ಯಾಸ. ಫೋನಿನಲ್ಲಿ ಹೆಸರು ಹೇಳುವಾಗ ‘ಅಡ್ಡಹೆಸರು ಪಾಟೀಲ, ಇಟ್ಟ ಹೆಸರು ಇಂಥದ್ದು’ ಎಂದು ಬಿಡಿಸಿ ಹೇಳಿ. ಶಾಲೆಗೆ ಸೇರಿಸುವಾಗ ಕರೆಯುವ ಹೆಸರು ಬರೆಯಲು ಬೇರೆ ಜಾಗವಿರುತ್ತದೆ. ಮನು ಎಂದು ಕರೆಯುವುದಾದರೆ ಅಲ್ಲಿ ಬರೆಯಿರಿ, ಕಾನೂನಿನ ಹೆಸರನ್ನು ಮುಟ್ಟಬೇಡಿ.

ಇಬ್ಬರೂ ವೀಸಾದ ಮೇಲಿರುವುದರಿಂದ ಮಗು ಇಲ್ಲಿ ಹುಟ್ಟಿದ ಮಾತ್ರಕ್ಕೆ ಬ್ರಿಟಿಷ್ ಪ್ರಜೆ ಆಗುವುದಿಲ್ಲ. ಒಂದು ವರ್ಷದೊಳಗೆ ಎಡಿನ್‌ಬರೋದ ಭಾರತೀಯ ಕಾನ್ಸುಲೇಟಿನಲ್ಲಿ ಜನನ ನೋಂದಣಿ ಮಾಡಿಸಬೇಕು, ಮಗುವಿಗೆ ಬೇರೆ ದೇಶದ ಪಾಸ್‌ಪೋರ್ಟ್ ಇಲ್ಲ ಎಂಬ ಘೋಷಣೆಯೂ ಬೇಕು. ವರ್ಷ ಮೀರಿದರೆ ಕೇಂದ್ರ ಸರ್ಕಾರದ ಅನುಮತಿ ಬೇಕಾಗಿ ತಿಂಗಳುಗಟ್ಟಲೆ ಎಳೆಯುತ್ತದೆ. ಭಾರತದ ಪಾಸ್‌ಪೋರ್ಟ್ ಅರ್ಜಿಯಲ್ಲಿ ಹೆಸರಿಗೆ ಎರಡೇ ಖಾನೆ, ನಡುವಿನ ಹೆಸರಿಗೆ ಬೇರೆ ಖಾನೆಯಿಲ್ಲ. ಹಾಗಾಗಿ ಕನ್ನಡ ಹೆಸರು ಮತ್ತು ಮನ್ರೋ ಎರಡನ್ನೂ ಇಟ್ಟ ಹೆಸರಿನ ಖಾನೆಯಲ್ಲಿ, ನಡುವೆ ಜಾಗ ಬಿಟ್ಟು, ಜನನ ದಾಖಲೆಯಲ್ಲಿ ಇರುವ ಅನುಕ್ರಮದಲ್ಲೇ ಬರೆಯಿರಿ. ‘ಎಂ.’ ಎಂದು ಇನಿಷಿಯಲ್ ಮಾಡಿದರೆ ಒಪ್ಪುವುದಿಲ್ಲ, ಬಿಡಿಸಿ ಬರೆಯಬೇಕು. ಮಗು ವೀಸಾ ಇಲ್ಲದೆ ಇಲ್ಲಿ ಇರುವುದು ಅಪರಾಧವಲ್ಲ, ಆದರೆ ಅಜ್ಜಿಗೆ ತೋರಿಸಲು ಊರಿಗೆ ಹೋದರೆ ವೀಸಾ ಇಲ್ಲದೆ ವಾಪಸ್ ಬರಲಾಗದು. ಅದನ್ನು ಹೊರಡುವ ಮುಂಚೆ ಇಲ್ಲಿಂದಲೇ ಮಾಡಿಸಿಕೊಳ್ಳಿ.

ಮನೆತನದವರು ಆಕ್ಷೇಪಿಸುತ್ತಾರಾ ಎಂದೂ ಕೇಳಿದ್ದಿರಿ. ಹೆಸರಿಗೆ ಯಾರ ಅಪ್ಪಣೆಯೂ ಬೇಡ. ಕೆಂಪು ಹೆಚ್ಚಿರುವ ಮನ್ರೋ ಟಾರ್ಟನ್, ಅಂದರೆ ಮನೆತನದ ಚೌಕಳಿ ಬಟ್ಟೆಯನ್ನೂ ಯಾರು ಬೇಕಾದರೂ ಉಡಬಹುದು. ತೊಟ್ಟಿಲಿಗೆ ಹೊದಿಸಲು ಅದರ ಶಾಲು ಚೆನ್ನಾಗಿಯೇ ಇರುತ್ತದೆ. ಲಾಂಛನದ ವಿಷಯ ಬೇರೆ. ಇಲ್ಲಿ ಲಾಂಛನ ಒಬ್ಬ ವ್ಯಕ್ತಿಯ ಆಸ್ತಿ, ಅದನ್ನು ಕಾಯಲು ಲಾರ್ಡ್ ಲಯನ್ ಎಂಬ ಅಧಿಕಾರಿಯ ನ್ಯಾಯಾಲಯವೇ ಇದೆ. ಆದ್ದರಿಂದ ನಾಮಕರಣದ ಆಮಂತ್ರಣದ ಮೇಲೆ ಮನ್ರೋಗಳ ಹದ್ದಿನ ಚಿತ್ರ ಅಚ್ಚು ಹಾಕಿಸುವ ಯೋಚನೆ ಇದ್ದರೆ ಬಿಡಿ.

ನೋಂದಣಿ ಕಚೇರಿಗೆ ಮೊದಲೇ ಸಮಯ ಗೊತ್ತುಮಾಡಿಕೊಂಡು ಹೋಗಿ. ಸಹಿ ಹಾಕುವ ಮುಂಚೆ ರಿಜಿಸ್ಟ್ರಾರ್ ದಾಖಲೆಯನ್ನು ತೋರಿಸಿ ಓದಲು ಹೇಳುತ್ತಾರೆ. ನಾಚಿಕೆ ಬಿಟ್ಟು ಅಕ್ಷರ ಅಕ್ಷರ ನೋಡಿ: ಯಾವುದು ಇಟ್ಟ ಹೆಸರಿನ ಜಾಗದಲ್ಲಿದೆ, ಯಾವುದು ಅಡ್ಡಹೆಸರಿನದರಲ್ಲಿ, ಮನ್ರೋಗೆ ಐದೇ ಅಕ್ಷರ ಇದೆಯಾ. ನಿಮ್ಮ ಹೆಂಡತಿಯ ಹೆಸರು ಅವರ ಪಾಸ್‌ಪೋರ್ಟಿನಂತೆಯೇ ಇದೆಯಾ ಎಂಬುದನ್ನೂ ನೋಡಿ, ಕಾನ್ಸುಲೇಟಿನಲ್ಲಿ ಅರ್ಜಿ ಹಿಂದಿರುಗುವುದು ಮಗುವಿನ ಹೆಸರಿಗಿಂತ ತಾಯಿಯ ಹೆಸರಿನ ಕಾಗುಣಿತಕ್ಕೇ ಹೆಚ್ಚು.